ತೆಂಕು ಬದಿಯ ಕಂಬ

ಈ ಕಂಬವನ್ನು ನಾನು ಕೊಂಡದ್ದು ಮೂವತ್ತು ರೂಪಾಯಿಗೆ. ಮಾರದೆ ಉಳಿಸಿಕೊಳ್ಳುವುದಕ್ಕೆ ಬಿದ್ದ ಖರ್ಚು ಅದರ ಮೂರು ಪಾಲು. ವ್ಯಾಪಾರ ಗೊತ್ತಿದ್ದವರು ನಗುತ್ತಾರೆ, ನಗಲಿ. ಕೊಂಡ ಬೆಲೆಗಿಂತ ಇಟ್ಟುಕೊಂಡ ಬೆಲೆ ಹೆಚ್ಚಾದ ಮಾಲು ನನ್ನ ಆಯುಷ್ಯದಲ್ಲಿ ಇದೊಂದೇ. ಇಷ್ಟು ಲಾಭ ಕೊಟ್ಟ ಮಾಲೂ ಇನ್ನೊಂದಿಲ್ಲ. ಅದು ಹೇಗೆ ಎಂದು ಹೇಳುತ್ತೇನೆ.

ಮೊನ್ನೆ ಮೆಲ್ಕಾರಿನ ನನ್ನ ಮನೆಗೆ ಇಬ್ಬರು ಬಂದಿದ್ದರು. ಕಡಲ ಬದಿಯಲ್ಲಿ ದೊಡ್ಡ ಹೋಟೆಲು ಕಟ್ಟುತ್ತಾರಂತೆ, ಅದಕ್ಕೆ ಹಳೇ ಮನೆಗಳ ಕಂಬ, ಬಾಗಿಲು ಬೇಕಂತೆ. ಚಾವಡಿಯ ಕಂಬಕ್ಕೆ ಕೈ ಸವರಿ ಒಂದು ಬೆಲೆ ಹೇಳಿದರು. ಮೊದಲು ಹೇಳಿದ ಬೆಲೆಗೆ ಬಾಯಿ ತೆರೆಯಬಾರದು ಎಂಬುದು ನನ್ನ ಹಳೇ ಅಭ್ಯಾಸ. ಸುಮ್ಮನೆ ಕೂತೆ. ಅವರು ಏರಿಸಿದರು. ಮತ್ತೂ ಸುಮ್ಮನೆ ಕೂತೆ. ಮತ್ತೂ ಏರಿಸಿದರು. ಕೊನೆಗೆ ಹೆಂಡತಿ ಒಳಗಿನಿಂದ ಬಂದು, "ಇವರು ಚೌಕಾಸಿ ಮಾಡ್ತಾ ಇರುವುದಲ್ಲ. ಅದು ಮಾರುವ ಕಂಬ ಅಲ್ಲ. ನೀವು ಚಾ ಕುಡಿಯಿರಿ" ಎಂದಳು. ಚಾ ಕುಡಿದು ಹೋದರು.

ಅವರು ಗೇಟು ದಾಟುವಷ್ಟರಲ್ಲಿ ಮಳೆ ಹಿಡಿಯಿತು. ಆಟಿ ತಿಂಗಳ, ಎಂದರೆ ತುಳುವರ ಆಷಾಢದ ಮಳೆ, ಹಿಡಿದರೆ ಬಿಡುವುದಿಲ್ಲ. ಇಂಥ ಮಳೆಗೆ ಈ ಕಂಬ ಒಂದು ವಾಸನೆ ಬಿಡುತ್ತದೆ. ಪಾಲಿಶ್ ಹಾಕಿಸಿದೆ, ಹೋಗಲಿಲ್ಲ. ತಲೆಮಾರುಗಳ ಕಾಲ ಉರಿದ ದೀಪದ ಎಣ್ಣೆ ಮರದ ಹೊಟ್ಟೆಗೆ ಇಳಿದ ವಾಸನೆ ಅದು. ಮೂಗಿಗೆ ಬಡಿದ ಕೂಡಲೇ ನಾನು ಪಾಣೆಮಂಗಳೂರಿನಲ್ಲಿ ಹಳೇ ಮರ ಇಡುತ್ತಿದ್ದ ನನ್ನ ಕೊಟ್ಟಿಗೆಯಲ್ಲಿ, ಆ ವರ್ಷದ ಆಟಿಯಲ್ಲಿ ನಿಂತಿರುತ್ತೇನೆ.

ಹೊಸ ಪೈಸೆ ಬಂದಿದ್ದರೂ ಜನ ಇನ್ನೂ ಆಣೆಯಲ್ಲಿಯೇ ಯೋಚಿಸುತ್ತಿದ್ದ ಕಾಲ. ನಮ್ಮ ಜಿಲ್ಲೆ ಮದ್ರಾಸಿನಿಂದ ಮೈಸೂರಿಗೆ ಸೇರಿ ಹೆಚ್ಚು ಸಮಯ ಆಗಿರಲಿಲ್ಲ. ತಾಯಿಯ ಕಡೆಯಿಂದ ಆಸ್ತಿ ಇಳಿಯುವ ಅಳಿಯಸಂತಾನದ ಕುಟುಂಬಗಳು ಪಾಲು ಮಾಡಿಕೊಳ್ಳಬಹುದು ಎಂದು ಕಾನೂನು ಆದ ಮೇಲೆ ಬೆಳ್ತಂಗಡಿ ಕಡೆಯ ದೊಡ್ಡ ಮನೆಗಳು ಒಂದೊಂದಾಗಿ ಪಾಲಾಗುತ್ತಿದ್ದವು. ಗದ್ದೆ ಪಾಲು ಮಾಡಬಹುದು, ಹಂಡೆ ಕೊಪ್ಪರಿಗೆ ಪಾಲು ಮಾಡಬಹುದು. ಮನೆಯನ್ನು ತುಂಡು ಮಾಡಿ ಹೊತ್ತುಕೊಂಡು ಹೋಗುವುದು ಹೇಗೆ? ಬಿಚ್ಚಿ ಮಾರಬೇಕು. ಬಿಚ್ಚಿಸಿ ಕೊಂಡುಹೋಗುವವನು ನಾನು. ಹಳೇ ಕಂಬ, ತೊಲೆ, ದಾರಂದ, ಬಾಗಿಲು, ಹಂಚು, ಯಾವುದೂ ನನಗೆ ಬೇಡ ಎಂದಿರಲಿಲ್ಲ.

ಆಗ ನನಗೆ ಇಪ್ಪತ್ತೈದರ ಸುಮಾರು ಪ್ರಾಯ. ತಾಯಿ ಪಾಣೆಮಂಗಳೂರಿನಲ್ಲಿ ಬತ್ತ ಬೇಯಿಸುವ ಅಂಗಳದಲ್ಲಿ ಕೆಲಸಕ್ಕಿದ್ದವಳು. ನನಗೆ ಹಾಲುಹಲ್ಲು ಬೀಳುವಾಗ ತೀರಿಕೊಂಡಳು. ಅಪ್ಪ ಘಟ್ಟದ ಮೇಲೆ ಕಾಫಿ ತೋಟಕ್ಕೆಂದು ಹೋದವರು ಹಿಂದೆ ಬರಲಿಲ್ಲ. ಬಂಟ್ವಾಳ ಪೇಟೆಯ ಒಂದು ಅಂಗಡಿಯಲ್ಲಿ ಮೂಟೆ ಹೊತ್ತು ಬೆಳೆದೆ. ಅಜ್ಜನ ಹೆಸರೇನು ಎಂದು ಯಾರಾದರೂ ಕೇಳಿದರೆ ಮಾತು ತಿರುಗಿಸುತ್ತಿದ್ದೆ. ಹಿರಿಯರು ನನಗೆ ಬಿಟ್ಟುಹೋದ ಆಸ್ತಿ ಎಂದರೆ ಬಾಯಿ ಒಂದೇ. ಆ ಬಾಯಿಂದ ಚೌಕಾಸಿ ಮಾಡಿದೆ, ಅದೇ ಬಾಯಿಂದ ಕೊಟ್ಟ ಮಾತಿಗೆ ತಪ್ಪದೆ ನಡೆದೆ. ಬಂಡವಾಳ ಇಲ್ಲದವನಿಗೆ ಎರಡನೆಯದೇ ಬಂಡವಾಳ. ಸೇಸಪ್ಪ ಹೌದು ಅಂದರೆ ಹೌದು, ಎಂದು ನಾಲ್ಕು ಜನ ಹೇಳುವಂತಾಗಲು ನನಗೆ ಐದಾರು ವರ್ಷ ಹಿಡಿದಿತ್ತು.

ಆ ವರ್ಷ ಬೇಸಿಗೆಯಲ್ಲಿ ಅಳದಂಗಡಿಯಿಂದ ಸ್ವಲ್ಪ ಆಚೆ ಒಂದು ಮನೆ ಬಿಚ್ಚಿಸಿದೆ. ಮೂರು ಕವಲುಗಳಿಗೆ ಪಾಲಾದ ಕುಟುಂಬ. ಮನೆಯ ಜಾಗ ಮಂಜಪ್ಪ ಮಾಸ್ತರ ಪಾಲಿಗೆ ಬಂದಿತ್ತು. ಮೇಲಿನ ಹಂಚಿನ ಮಾಡು ಬಾಗಿತ್ತು, ಗೋಡೆಗೆ ಒರಲೆ ಹಿಡಿದಿತ್ತು. ಮೂವತ್ತು ಜನ ಇದ್ದ ಮನೆಯಲ್ಲಿ ಉಳಿದವರು ಮಾಸ್ತರು, ಅವರ ಹೆಂಡತಿ ಮಕ್ಕಳು, ಮತ್ತೆ ಅವರ ತಾಯಿಯ ಅಕ್ಕ ಚೆನ್ನಕ್ಕೆ. ಅಲ್ಲೇ ಪಕ್ಕದಲ್ಲಿ ಸಣ್ಣದೊಂದು ಹಂಚಿನ ಮನೆ ಕಟ್ಟಿಕೊಂಡಿದ್ದರು.

ಮಾಸ್ತರು ಚೌಕಾಸಿಗೆ ಆಗುವ ಜನ ಅಲ್ಲ. ನಾನು ಬೆಲೆ ಹೇಳಿದೆ, ಅವರು "ಆಗಬಹುದು" ಎಂದರು. ಹಗ್ಗದ ಆ ತುದಿಯಲ್ಲಿ ಎಳೆಯುವವರೇ ಇಲ್ಲದಿದ್ದರೆ ಈ ತುದಿಯವನಿಗೆ ಏನು ರುಚಿ? ನಾನೇ ಸ್ವಲ್ಪ ಏರಿಸಿ ಕೊಟ್ಟೆ.

ಚೆನ್ನಕ್ಕೆ ಎಪ್ಪತ್ತು ದಾಟಿದವರು, ಉದ್ದ ಮೂಗು, ಕಿವಿಯಲ್ಲಿ ಕೆಂಪು ಕಲ್ಲಿನ ಬೆಂಡೋಲೆ. ಮನೆ ಬಿಚ್ಚುವಷ್ಟು ದಿನವೂ ಅಂಗಳದ ತುದಿಯಲ್ಲಿ ಕೂತು ವೀಳ್ಯ ಹಾಕುತ್ತಾ ನೋಡಿದರು. ಅತ್ತದ್ದಿಲ್ಲ, ಬೈದದ್ದಿಲ್ಲ. ಚಾವಡಿಯ ನಾಲ್ಕು ಹಲಸಿನ ಕಂಬಗಳನ್ನು ಗಾಡಿಗೆ ಏರಿಸುವಾಗ ಮಾತ್ರ ಹತ್ತಿರ ಬಂದರು.

"ಕಂಬ ಎಲ್ಲಿ ಇಡ್ತೀ?"

"ಪಾಣೆಮಂಗಳೂರಿನಲ್ಲಿ, ಹೊಳೆ ದಾಟುವ ಸಂಕದ ಹತ್ತಿರ ನನ್ನ ಕೊಟ್ಟಿಗೆ ಉಂಟು, ಅಕ್ಕೆರೇ."

"ಸೋರ್ತದಾ?"

"ಇಲ್ಲ."

"ಹಾಗಾದರೆ ಆಗಬಹುದು."

ಮುದುಕಿಗೆ ಮರದ ಮೇಲೆ ಪ್ರೀತಿ ಎಂದು ತಿಳಿದುಕೊಂಡೆ. (ನಮ್ಮ ಮಾತೆಲ್ಲ ನಡೆದದ್ದು ತುಳುವಿನಲ್ಲಿ. ಬರೆಯಲು ಕಲಿತದ್ದು ಕನ್ನಡ, ಆದ್ದರಿಂದ ಹೀಗೆ.)

ಮಳೆಗಾಲ ಶುರುವಾಗುವ ಮೊದಲು ಮೂಡಬಿದಿರೆಯಿಂದ ಒಬ್ಬರು ಬಲ್ಲಾಳರು ಬಂದರು. ಜೈನರು, ತೂಕದ ಮನುಷ್ಯ. ಅವರ ಹಿರಿಯರು ಕಟ್ಟಿಸಿದ ಮನೆಯ ಚಾವಡಿ ಕಂಬಗಳು ಒಳಗಿಂದ ಟೊಳ್ಳಾಗಿದ್ದವು. ನನ್ನ ನಾಲ್ಕೂ ಕಂಬಗಳನ್ನು ಬೆರಳ ಗಂಟಿನಿಂದ ಬಡಿದು, ಕಿವಿ ಇಟ್ಟು ಕೇಳಿ, "ನಾಲ್ಕೂ ಬೇಕು, ಜೋಡಿ ತಪ್ಪಬಾರದು" ಎಂದರು. ಒಳ್ಳೇ ಬೆಲೆ. ಅಷ್ಟು ದೊಡ್ಡ ಮನೆತನದ ಗಿರಾಕಿ ನನಗೆ ಅದೇ ಮೊದಲು. "ನಾಲ್ಕೂ ನಿಮ್ಮದು" ಎಂದು ಮಾತು ಕೊಟ್ಟೆ. ಆಟಿಯಲ್ಲಿ ಮನೆಯ ಕೆಲಸ ಬೇಡ, ಅದರ ಮುಂದಿನ ಸೋಣ ತಿಂಗಳಲ್ಲಿ ಗಾಡಿ ಕಳುಹಿಸುತ್ತೇನೆ ಎಂದು ಅವರು ಹೋದರು.

ಆಟಿ ಬಂತು. ನೇತ್ರಾವತಿ ಕೆಂಪಾಗಿ ಸಂಕದ ಕಾಲಿಗೆ ಬಡಿಯುತ್ತಿದ್ದಳು. ಮರ ಕೊಳ್ಳುವವರಿಲ್ಲ, ಬಿಚ್ಚಿಸುವವರಿಲ್ಲ. ನಾನೂ, ನನ್ನ ಮಾಲನ್ನು ಗಾಡಿಯಲ್ಲಿ ಹೇರುವ ಅದ್ರಾಮ ಬ್ಯಾರಿಯೂ ಕೊಟ್ಟಿಗೆಯಲ್ಲಿ ಕೂತು ಮಳೆ ನೋಡುವುದೇ ಕೆಲಸ. ಅದ್ರಾಮ ಬ್ಯಾರಿ ಪ್ರಾಯದಲ್ಲಿ ನನಗಿಂತ ತುಂಬ ದೊಡ್ಡವರು, ಅದ್ರಾಮಾಕ ಎಂದೇ ಕರೆಯುತ್ತಿದ್ದೆ. ಒಂದು ಶನಿವಾರ ಬೆಳಿಗ್ಗೆ ಹಾಗೆ ಕೂತಿರುವಾಗ ಓಲೆಯ ಕೊಡೆ ಹಿಡಿದು ಯಾರೋ ಸಂಕದ ಕಡೆಯಿಂದ ಬರುವುದು ಕಂಡಿತು. ಕೊಡೆಯ ಕೆಳಗೆ ಒಂದು ಬುಟ್ಟಿ, ಕಂಕುಳಲ್ಲಿ ಒಂದು ಹುಂಜ. ಹತ್ತಿರ ಬಂದಾಗ ನೋಡಿದರೆ ಚೆನ್ನಕ್ಕೆ.

"ಬನ್ನಿ ಅಕ್ಕೆರೇ. ಇಷ್ಟು ಮಳೆಗೆ? ಮಾಸ್ತರು ಎಲ್ಲಿ?"

"ಅವನು ಶಾಲೆಗೆ ಹೋದ. ನಾನು ಬಸ್ಸಿಗೆ ಬಂದೆ. ಬಂಟ್ವಾಳದಿಂದ ನಡೆದೆ." ಹುಂಜವನ್ನು ಕೆಳಗೆ ಬಿಟ್ಟು ಕೊಟ್ಟಿಗೆಯೊಳಗೆ ಇಣುಕಿದರು. "ನಮ್ಮವರು ಇಲ್ಲಿ ಇದ್ದಾರೆ."

"ಯಾರು? ಬೆಳಗ್ಗಿನಿಂದ ಯಾರೂ ಬರಲಿಲ್ಲ."

"ಬೆಳಿಗ್ಗೆ ಬಂದದ್ದಲ್ಲ. ಬೇಸಿಗೆಯಲ್ಲಿ ನೀನೇ ಗಾಡಿಯಲ್ಲಿ ಹಾಕಿ ತಂದದ್ದು."

ಅದ್ರಾಮಾಕ ಬೀಡಿ ಬಾಯಿಂದ ತೆಗೆದರು. "ಸೇಸಪ್ಪ, ನಾನು ಹೇರಿದ್ದು ಮರ ಮಾತ್ರ ಮಾರಾಯ. ಜನ ಇದ್ದಾರೆ ಅಂತ ಗೊತ್ತಿದ್ದರೆ ಬಾಡಿಗೆ ಬೇರೆ ಕೇಳ್ತಿದ್ದೆ."

ಚೆನ್ನಕ್ಕೆ ನಗಲಿಲ್ಲ. ಒಂದು ತೊಲೆಯ ಮೇಲೆ ಕೂತು ಸೀರೆಯ ಸೆರಗು ಹಿಂಡುತ್ತಾ ವಿಷಯ ಹೇಳಿದರು. ಆಟಿಯಲ್ಲಿ ಒಂದು ದಿನ ಮನೆಯ ಸತ್ತವರಿಗೆ ಎಲೆ ಹಾಕಿ ಬಡಿಸುವುದು ನಮ್ಮ ಕಡೆಯ ಕ್ರಮ. ಆ ಮನೆಯಲ್ಲಿ ಬಡಿಸುತ್ತಿದ್ದದ್ದು ಚಾವಡಿಯ ತೆಂಕು ಬದಿಯ ಕಂಬದ ಬುಡದಲ್ಲಿ. ದೀಪ ತೂಗುತ್ತಿದ್ದದ್ದೂ ಅದೇ ಕಂಬಕ್ಕೆ. ಮನೆ ಬಿಚ್ಚುವ ಮೊದಲು ಯಜಮಾನನಾದವನು ಆ ಕಂಬದ ಹತ್ತಿರ ನಿಂತು, ಮನೆ ಬಿಚ್ಚುತ್ತೇವೆ, ಈ ದೀಪದ ಒಟ್ಟಿಗೆ ಹೊಸ ಜಾಗಕ್ಕೆ ಬನ್ನಿ ಎಂದು ಹಿರಿಯರಿಗೆ ಹೇಳಬೇಕು. ಯಾರೂ ಹೇಳಿರಲಿಲ್ಲ.

"ಯಾಕೆ ಹೇಳಲಿಲ್ಲ?"

"ಪಾಲಾಯಿತಲ್ಲ. ಮಂಜಪ್ಪ ಹೇಳಿದ, ಹಿರೀ ಕವಲಿನವರು ಹೇಳಿರಬಹುದು ಅಂತ. ಹಿರೀ ಕವಲಿನವರು ಹೇಳಿದರು, ಮನೆ ಯಾರ ಪಾಲಿಗೆ ಬಂತೋ ಅವರು ಹೇಳಬೇಕು ಅಂತ. ಕಿರೀ ಕವಲಿನವರಿಗೆ ನೆನಪೇ ಇಲ್ಲ. ಹೆಂಗಸು ನಾನು ಹೇಳುವ ಕ್ರಮ ಇಲ್ಲ. ಗಂಡಸರು ಯಾರೋ ಹೇಳಿ ಆಗಿದೆ ಅಂತ ನಾನೂ ಸುಮ್ಮನಿದ್ದೆ."

ಪಾಲುಪಟ್ಟಿಯಲ್ಲಿ ಹಂಡೆ ಬರೆದಿತ್ತು, ಕೊಪ್ಪರಿಗೆ ಬರೆದಿತ್ತು, ಬಾವಿಯ ರಾಟೆ ಕೂಡ ಬರೆದಿತ್ತು. ಹಿರಿಯರು ಯಾರ ಪಾಲಿಗೆ ಎಂದು ಬರೆದಿರಲಿಲ್ಲ.

"ಮೊನ್ನೆ ಹೊಸ ಮನೆಯಲ್ಲಿ ಎಲೆ ಹಾಕಿದೆ. ಯಾರನ್ನು ಕರೆಯುವುದು? ಅವರು ನಿನ್ನ ಕೊಟ್ಟಿಗೆಯಲ್ಲಿ. ಆಟಿ ಮುಗಿಯುತ್ತಾ ಬಂತು. ಹಸಿದು ಕೂತಿದ್ದಾರೆ. ಕಂಬ ನಿಲ್ಲಿಸಿಕೊಡು, ಇಲ್ಲೇ ಬಡಿಸ್ತೇನೆ."

"ಬಡಿಸುವುದಕ್ಕೆ ಅಡ್ಡಿ ಇಲ್ಲ. ಆದರೆ ಅಕ್ಕೆರೇ, ನಾಲ್ಕೂ ಕಂಬ ಮಾರಿ ಆಗಿದೆ. ಮಾತು ಕೊಟ್ಟಾಗಿದೆ. ಸೋಣಕ್ಕೆ ಮೂಡಬಿದಿರೆಗೆ ಹೋಗ್ತದೆ."

"ಯಾರಿಗೆ?"

"ಬಲ್ಲಾಳರಿಗೆ."

"ಜೈನರಿಗಾ?" ಆಗ ಮಾತ್ರ ಅವರ ಮುಖ ಬಾಡಿತು. "ಅವರ ಮನೆಯಲ್ಲಿ ಕೋಳಿ ಬೇಯುವುದಿಲ್ಲ. ನಮ್ಮಣ್ಣ ಅಲ್ಲಿ ಹೋಗಿ ಏನು ತಿನ್ನುವುದು?"

ಎದ್ದು ಕೆಲಸಕ್ಕೆ ಹಿಡಿದೆ. ನಾಲ್ಕೂ ಕಂಬ ಒಂದರ ಪಕ್ಕ ಒಂದು ಮಲಗಿದ್ದವು. ಕಿತ್ತ ಮೇಲೆ ಯಾವುದು ತೆಂಕು, ಯಾವುದು ಬಡಗು, ನನಗೇನು ಗೊತ್ತು? ನಾನು ಗುರುತು ಹಾಕಿರಲಿಲ್ಲ. ಚೆನ್ನಕ್ಕೆ ಬಾಗಿ ಒಂದೊಂದಕ್ಕೂ ಮೂಗು ಇಟ್ಟರು. ಮೂರನೆಯದರ ಹತ್ತಿರ ಕೂತುಬಿಟ್ಟು, "ಇದು" ಎಂದರು. ನಾನೂ ಮೂಗು ಇಟ್ಟೆ. ಎಣ್ಣೆಯ ವಾಸನೆ. ಅದ್ರಾಮಾಕನೂ ನಾನೂ ಹಗ್ಗ ಕಟ್ಟಿ ಅದನ್ನು ಎತ್ತಿ ನಿಲ್ಲಿಸಿದೆವು. "ತಲೆ ಕೆಳಗೆ ಮಾಡಬೇಡಿ" ಎಂದು ಚೆನ್ನಕ್ಕೆ ಎರಡು ಸಲ ಹೇಳಿದರು.

ಮತ್ತೆ ಮೂರು ಕಲ್ಲು ಹೂಡಿ ಬೆಂಕಿ ಮಾಡಿದರು. ಬುಟ್ಟಿಯಿಂದ ಕುಚಲಕ್ಕಿ, ಮಸಾಲೆ, ಮನೆಯಲ್ಲೇ ಬೇಯಿಸಿ ತಂದ ಪತ್ರೊಡೆ, ಸೌತೆಕಾಯಿ, ಹಲಸಿನ ಬೀಜ ಎಲ್ಲ ಹೊರಗೆ ಬಂತು. ಹುಂಜವನ್ನು ಹಿಡಿದು ಅದ್ರಾಮಾಕನ ಕೈಗೆ ಕೊಟ್ಟರು.

"ನೀವೇ ಕೊಯ್ಯಿರಿ ಬ್ಯಾರಿಗಳೇ, ನಿಮ್ಮ ಕ್ರಮದಲ್ಲಿ. ಹಿರಿಯರಿಗೆ ಬಡಿಸುವ ಮೊದಲು ನಿಮ್ಮ ಪಾಲು ತೆಗೆದಿಡ್ತೇನೆ. ಬಡಿಸಿದ್ದನ್ನು ನೀವು ಉಣ್ಣುವುದಿಲ್ಲ ಅಂತ ನನಗೆ ಗೊತ್ತುಂಟು."

"ನಿಮ್ಮಣ್ಣನಿಗೆ ಬೇಸರ ಆಗುವುದಿಲ್ಲವಾ?"

"ಅವನ ಜೀವಮಾನದಲ್ಲಿ ತಿಂದ ಕೋಳಿ ಅರ್ಧ ಬ್ಯಾರಿಗಳ ಕೈಯದ್ದೇ. ಬೇಸರ ಇರುವುದು ಬೇರೆಯದಕ್ಕೆ. ಅವನಿಗೆ ಎಲೆಯ ಹತ್ತಿರ ಒಂದು ಕುಡ್ತೆ ಕಳ್ಳು ಬೇಕು."

ನಮ್ಮ ಜಿಲ್ಲೆಯಲ್ಲಿ ಪಾನನಿರೋಧ ಇದ್ದ ಕಾಲ. ಕಳ್ಳು ಸಿಗುವ ಜಾಗ ನನಗೆ ಗೊತ್ತಿಲ್ಲ ಎಂದೇನೂ ಅಲ್ಲ, ಆದರೆ ಪೇಟೆಯ ಮಧ್ಯೆ ಕೊಟ್ಟಿಗೆ. "ಅಕ್ಕೆರೇ, ಎಳನೀರು ಇಡುವ. ಸರ್ಕಾರದ ಕಾನೂನು ಹೀಗೆ ಉಂಟು ಅಂತ ಅವರಿಗೆ ಹೇಳಿ."

"ಹೋದ ವರ್ಷವೂ ಹೇಳಿದ್ದೇನೆ," ಎಂದು ಚೆನ್ನಕ್ಕೆ ಅಕ್ಕಿ ತೊಳೆಯಲು ಹೋದರು.

ಅಡಿಗೆ ಆಗುವ ಹೊತ್ತಿಗೆ ಮಂಜಪ್ಪ ಮಾಸ್ತರು ಬಂದರು. ಶನಿವಾರದ ಅರ್ಧ ದಿನದ ಶಾಲೆ ಮುಗಿಸಿ ಮನೆಗೆ ಹೋದರೆ ದೊಡ್ಡಮ್ಮ ಇಲ್ಲ, ಹುಂಜ ಇಲ್ಲ. ಊಹೆ ಮಾಡಿ ಬಸ್ಸು ಹತ್ತಿದ್ದರು. ಪಂಚೆಯಿಂದ ನೀರು ಇಳಿಯುತ್ತಿತ್ತು.

"ದೊಡ್ಡಮ್ಮ, ಪೇಟೆಯವರ ಕೊಟ್ಟಿಗೆಯಲ್ಲಿ ಏನಿದು? ನನಗೆ ಒಂದು ಮಾತು ಹೇಳಿದ್ದರೆ..."

"ಹೇಳಿದ್ದೇನೆ. ಶಾಲೆಗೆ ಇನ್‌ಸ್ಪೆಕ್ಟರು ಬರ್ತಾರೆ ಅಂತ ನೀನು ಅಂದೆ. ಇನ್‌ಸ್ಪೆಕ್ಟರು ಬರುವುದು ವರ್ಷಕ್ಕೆ ಒಂದು ಸಲ. ಇವರೂ ವರ್ಷಕ್ಕೆ ಒಂದು ಸಲವೇ."

ಮಾಸ್ತರು ನನ್ನ ಕಡೆ ತಿರುಗಿದರು. ನಾಚಿಕೆ, ಸಿಟ್ಟು ಎರಡೂ ಇತ್ತು. "ಕಂಬ ಹಿಂದೆ ಕೊಡಿ ಅಂತ ಕೇಳಲು ನನಗೆ ಬಾಯಿ ಇಲ್ಲ ಸೇಸಪ್ಪ. ತಂದರೂ ಇಡುವುದು ಎಲ್ಲಿ? ನನ್ನ ಮನೆಯ ಮಾಡು ತಗ್ಗು."

ನಾನು ವ್ಯವಹಾರದವನು, ದಾರಿ ಹುಡುಕಿದೆ. "ಬೇಕಾದರೆ ಬುಡದಲ್ಲಿ ಎರಡು ಮೊಳ ಕೊಯ್ದುಕೊಡುವ. ಮಾಡಿಗೆ ಸರಿಯಾಗ್ತದೆ. ಮಿಕ್ಕದ್ದು ಬಲ್ಲಾಳರಿಗೆ..."

"ಕೂತವರ ಕಾಲು ಕೊಯ್ತೀಯಾ?" ಎಂದರು ಚೆನ್ನಕ್ಕೆ. ನಾನು ಮತ್ತೆ ಆ ಸುದ್ದಿ ಎತ್ತಲಿಲ್ಲ.

ಕಂಬದ ಬುಡದಲ್ಲಿ ಎಲೆ ಹಾಕಿದರು. ಅಣ್ಣನಿಗೆ, ಅಮ್ಮನಿಗೆ, ಅಜ್ಜಿಗೆ, ಹೆರಿಗೆಯಲ್ಲಿ ಹೋದ ತಂಗಿಗೆ. ಪ್ರತಿ ಎಲೆಗೂ ಹೆಸರು, ಪ್ರತಿ ಹೆಸರಿಗೂ ಬೇರೆ ಬಡಿಸುವ ಕ್ರಮ. ಅಜ್ಜಿಗೆ ಉಪ್ಪು ಕಮ್ಮಿ, ತಂಗಿಗೆ ಪತ್ರೊಡೆ ಎರಡು. ಎಲ್ಲ ಆದ ಮೇಲೆ ಬುಟ್ಟಿಯಿಂದ ಇನ್ನೂ ಒಂದು ಎಲೆ ತೆಗೆದು, ಸ್ವಲ್ಪ ಆಚೆ ಹಾಸಿದರು.

"ಇದು ನಿನ್ನವರಿಗೆ."

"ನನಗೆ ಯಾರೂ ಇಲ್ಲ ಅಕ್ಕೆರೇ. ಅಜ್ಜನ ಹೆಸರೂ ಗೊತ್ತಿಲ್ಲ."

"ಹೆಸರು ಗೊತ್ತಿಲ್ಲ ಅಂದರೆ ಅವರಿಗೆ ಹಸಿವು ಇಲ್ಲವಾ? ನೀನು ಮರದಿಂದ ಉದುರಿದವನಾ? ತಾಯಿ ಹೆಸರು ಏನು?"

"ಬಾಗಿ."

"ಏನು ಇಷ್ಟ ಅವಳಿಗೆ?"

ಯಾರೂ ನನ್ನಲ್ಲಿ ಅದುವರೆಗೆ ಕೇಳದ ಪ್ರಶ್ನೆ. ಗೊತ್ತಿಲ್ಲ ಎನ್ನಲು ಬಾಯಿ ತೆರೆದೆ, ಆಗ ನೆನಪಾಯಿತು. ಅಮ್ಮ ಹಲಸಿನ ಬೀಜವನ್ನು ಬಟ್ಟೆಯ ತುಂಡಿನಲ್ಲಿ ಗಂಟು ಕಟ್ಟಿ, ಧಣಿಗಳ ಕಣ್ಣು ತಪ್ಪಿಸಿ ಬತ್ತ ಬೇಯುವ ಹಂಡೆಗೆ ಇಳಿಬಿಡುತ್ತಿದ್ದಳು. ಬತ್ತದ ವಾಸನೆ ಹಿಡಿದ ಬಿಸಿ ಬೀಜ. ನನಗೆ ಒಂದು ಸುಲಿದು ಕೊಡುತ್ತಿದ್ದಳು, ತಾನು ಒಂದು ಬಾಯಿಗೆ ಹಾಕುತ್ತಿದ್ದಳು. ಅವಳ ಮುಖ ನನಗೆ ಸರಿಯಾಗಿ ನೆನಪಿಲ್ಲ, ಸುಲಿಯುವ ಬೆರಳು ನೆನಪುಂಟು. ಅದನ್ನೇ ಅವರಿಗೆ ಹೇಳಿದೆ.

ಚೆನ್ನಕ್ಕೆ ಸೌತೆಕಾಯಿಯ ಪದಾರ್ಥದಿಂದ ಹಲಸಿನ ಬೀಜ ಹೆಕ್ಕಿ ಸೌಟಿನಲ್ಲಿ ಹಿಡಿದರು. "ನಾನು ಅಲ್ಲ, ನೀನು ಬಡಿಸಬೇಕು." ಬಡಿಸಿದೆ.

ಬಡಿಸಿದ ಮೇಲೆ ಎಲ್ಲರೂ ಹೊರಗೆ ಹೋಗಿ ಬಾಗಿಲು ಹಾಕಬೇಕು. ಅವರು ಉಣ್ಣುವಾಗ ನಾವು ನೋಡಬಾರದು. ಆದರೆ ಬಾಗಿಲು ಮಾರುವವನ ಕೊಟ್ಟಿಗೆಗೆ ಬಾಗಿಲೇ ಇಲ್ಲ, ಮುಂದಿನ ಬದಿ ಪೂರಾ ತೆರೆದದ್ದು. ಗೋಡೆಗೆ ಒರಗಿಸಿದ ಹಳೇ ಬಾಗಿಲುಗಳಲ್ಲಿ ಅವರದೇ ಚಾವಡಿಯ ಬಾಗಿಲು ಹುಡುಕಿ, ಅದ್ರಾಮಾಕನೂ ಮಾಸ್ತರೂ ನಾನೂ ಸೇರಿ ಕಂಬಕ್ಕೆ ಅಡ್ಡ ನಿಲ್ಲಿಸಿದೆವು. ಮಾಸ್ತರು ಆ ಬಾಗಿಲಿನ ಚಿಲಕ ಹಿಡಿದು ಒಂದು ಕ್ಷಣ ನಿಂತರು. ಮತ್ತೆ ನಾಲ್ವರೂ ಹಂಚಿನ ಇಳಿಜಾರಿನ ಕೆಳಗೆ ಮಳೆಗೆ ಮುಖ ಮಾಡಿ ಕೂತೆವು.

ಮಾಸ್ತರು ಮಾತು ಶುರು ಮಾಡಿದರು. "ಹಿರಿಯರು ಅಂದರೆ ನನಗೆ ಮಾವ, ದೊಡ್ಡಮ್ಮನ ಈ ಅಣ್ಣ. ಗದ್ದೆ ನೋಡಿಕೊಳ್ಳುವವರು ಬೇಕು, ಇವನಿಗೆ ಓದು ಯಾಕೆ ಅಂತ ಮನೆಯಲ್ಲಿ ಎಲ್ಲರೂ ಹೇಳುವಾಗ, ಮಾವ ಇಂಥದ್ದೇ ಮಳೆಯಲ್ಲಿ ನನ್ನನ್ನು ಹೆಗಲ ಮೇಲೆ ಕೂರಿಸಿ ಹೊಳೆ ದಾಟಿಸಿ ಶಾಲೆಗೆ ಸೇರಿಸಿದರು. ಅವರಿಗೆ ಅಕ್ಷರ ಗೊತ್ತಿರಲಿಲ್ಲ. ನಾನು ಊರಿನ ಮಕ್ಕಳಿಗೆ ಅಕ್ಷರ ಕಲಿಸಿದರೆ ಅದೇ ಅವರಿಗೆ ಬಡಿಸಿದ ಹಾಗೆ ಅಂತ ತಿಳಿದುಕೊಂಡಿದ್ದೆ. ಎಲೆ ಹಾಕುವುದೆಲ್ಲ ಹೆಂಗಸರ ಸಮಾಧಾನಕ್ಕೆ ಅಂತ."

"ತಪ್ಪು ತಿಳಿದಿಲ್ಲ," ಎಂದರು ಅದ್ರಾಮಾಕ. "ನಮ್ಮಲ್ಲಿ ಹೋದವರು ಊಟಕ್ಕೆ ಬರುವುದಿಲ್ಲ ಮಾಸ್ತರೇ. ಶುಕ್ರವಾರ ಪಳ್ಳಿಯ ಹಿಂದೆ ನನ್ನ ತಂದೆಯ, ಉಪ್ಪನ ಗೋರಿಯ ಹತ್ತಿರ ನಿಂತು ದುಆ ಮಾಡ್ತೇನೆ. ಅವರ ಹೆಸರಲ್ಲಿ ಹಸಿದವನಿಗೆ ಅನ್ನ ಕೊಟ್ಟರೆ ಅದು ಅವರಿಗೆ ಸಲ್ತದೆ ಅಂತ ನಮ್ಮ ನಂಬಿಕೆ. ಆದರೆ ಉಪ್ಪ ಹಾಕಿಕೊಟ್ಟ ಗಾಡಿ ಓಡಿಸುವುದು ಬೇರೆ, ಗೋರಿಯ ಹತ್ತಿರ ನಿಂತು ಮಾತಾಡುವುದು ಬೇರೆ. ಮಗ ದುಡಿದು ತಂದು ಹಾಕ್ತಾನೆ, ಮಾತಾಡುವುದಿಲ್ಲ ಅಂದರೆ ನಿಮಗೆ ಆಗ್ತದಾ?"

ಚೆನ್ನಕ್ಕೆ ಎದ್ದು ಬಾಗಿಲು ತಟ್ಟಿದರು. ಒಳಗೆ ಇರುವವರಿಗೆ ಏಳಲು ಸಮಯ ಕೊಡಬೇಕಲ್ಲ, ಮತ್ತೊಮ್ಮೆ ತಟ್ಟಿ ನಿಂತರು. ಬಾಗಿಲು ಸರಿಸಿ, ಬುಟ್ಟಿಯಲ್ಲಿ ತಂದಿದ್ದ ದೀಪವನ್ನು ಕಂಬದ ಬುಡದಲ್ಲಿ ಹಚ್ಚಿದರು. "ಮಂಜಪ್ಪ, ಇನ್ನು ನೀನು."

"ಏನು ಹೇಳಬೇಕು ಅಂತ ನನಗೆ ಗೊತ್ತಿಲ್ಲ ದೊಡ್ಡಮ್ಮ."

"ಮಾವನಲ್ಲಿ ಮಾತಾಡಲು ನಿನಗೆ ಕಲಿಸಿಕೊಡಬೇಕಾ?"

ಮಾಸ್ತರು ಕಂಬದ ಎದುರು ನಿಂತರು. "ಮಾವ, ನಾನು ಮಂಜಪ್ಪ," ಎಂದು ನಿಲ್ಲಿಸಿದರು. ಮತ್ತೆ ಶುರು ಮಾಡಿದರು. "ಮನೆ ಹಳತಾಯಿತು. ನನ್ನೊಬ್ಬನ ಕೈಯಲ್ಲಿ ಆಗಲಿಲ್ಲ, ಬಿಚ್ಚಿದೆ. ನಿಮಗೆ ಹೇಳಬೇಕಿತ್ತು, ಹೇಳಲಿಲ್ಲ. ಹೊಸ ಮನೆ ಸಣ್ಣದು. ಮಾಡು ತಗ್ಗು. ಬಾಗಿಲಲ್ಲಿ ತಲೆ ತಗ್ಗಿಸಿ ಬರಬೇಕು. ಎಲ್ಲರೂ ಬನ್ನಿ." ಇಷ್ಟೇ. ಮಂತ್ರ ಇಲ್ಲ, ಏನಿಲ್ಲ. ಚೆನ್ನಕ್ಕೆ ಮೊದಲ ಸಲ ಕಣ್ಣು ಒರೆಸಿಕೊಂಡದ್ದು ಆಗ.

ಅವರು ಕೊಂಡುಹೋಗಲೆಂದು ನನ್ನ ಲಾಟೀನಿಗೆ ಆ ದೀಪದಿಂದ ಬೆಂಕಿ ಮುಟ್ಟಿಸಿದೆವು. ಊಟ ಮುಗಿಸಿ ಹೊರಟಾಗ ಅದ್ರಾಮಾಕ ಗಾಡಿ ಕಟ್ಟಿ, ಬಂಟ್ವಾಳದ ಬಸ್ಸಿನವರೆಗೆ ನಾನು ಬಿಡುತ್ತೇನೆ ಎಂದರು. ಮಾಸ್ತರು ಬಾಡಿಗೆ ಎಷ್ಟು ಎಂದು ಕೇಳಿದ್ದಕ್ಕೆ, "ಬರುವಾಗ ಗೊತ್ತಿಲ್ಲದೆ ತಂದಿದ್ದೇನೆ. ಹೋಗುವಾಗ ಗೊತ್ತಿದ್ದು ಕೊಂಡುಹೋಗ್ತೇನೆ. ಲೆಕ್ಕ ಸರಿಯಾಯಿತು" ಎಂದರು. ಬಸ್ಸಿನಲ್ಲಿ ಉರಿಯುವ ಲಾಟೀನು ಯಾಕೆ ಎಂದು ಕಂಡಕ್ಟರು ತಕರಾರು ತೆಗೆದರಂತೆ. "ಮನೆಯವರು ಇದ್ದಾರೆ, ಕತ್ತಲೆ ಮಾಡಬಾರದು" ಎಂದು ಚೆನ್ನಕ್ಕೆ ಹೇಳಿದ ಮೇಲೆ ಸುಮ್ಮನಾದರಂತೆ. ಮಾಸ್ತರು ಆಮೇಲೆ ಸಿಕ್ಕಾಗ ಹೇಳಿದ್ದು.

ಗಾಡಿ ಹತ್ತುವ ಮೊದಲು ಚೆನ್ನಕ್ಕೆ ನನ್ನ ಹತ್ತಿರ ಬಂದಿದ್ದರು. "ನಮ್ಮವರನ್ನು ಕರೆದುಕೊಂಡು ಹೋಗ್ತೇನೆ. ಇನ್ನು ನಿನ್ನ ಮಾತಿಗೆ ಅಡ್ಡಿ ಇಲ್ಲ, ಕಂಬ ಮಾರಬಹುದು." ಎರಡು ಹೆಜ್ಜೆ ಹೋಗಿ ತಿರುಗಿದರು. "ಆದರೆ ಮಗಾ, ನಿನ್ನ ತಾಯಿ ಕೂತಾಗಿದೆಯಲ್ಲ. ಮಾರುವುದಾದರೆ ಅವಳಿಗೆ ಹೇಳಿ ಮಾರು."

ನೋಡಿ, ಮುದುಕಿ ತನ್ನ ಗಂಟು ಬಿಡಿಸಿಕೊಂಡು ನನ್ನ ಕೊರಳಿಗೆ ಹಾಕಿ ಹೋದರು.

ಆಟಿಯ ಉಳಿದ ದಿನಗಳೆಲ್ಲ ನಾನು ಆ ಕಂಬದ ಸುತ್ತ ತಿರುಗಿದೆ. ಹೇಳಿ ಮಾರು ಎಂದಿದ್ದರು, ಹೇಳಲು ಬಾಯಿ ಬರಲಿಲ್ಲ. ಜೀವ ಇದ್ದಾಗ ಬೇರೆಯವರ ಅಂಗಳದಲ್ಲಿ ಬೆಂದವಳು, ಸತ್ತು ಇಷ್ಟು ವರ್ಷಕ್ಕೆ ಒಂದು ಜಾಗದಲ್ಲಿ ಕೂತಿದ್ದಾಳೆ. ಏಳು, ಗಿರಾಕಿ ಬಂದಿದ್ದಾರೆ ಎಂದು ಹೇಳುವುದು ಹೇಗೆ? ಮಾತಿಗೆ ತಪ್ಪಿದರೆ ಆ ಮೂಡಬಿದಿರೆಯ ಬಾಗಿಲು ಮುಚ್ಚಿದ ಹಾಗೆ. ಬಂಟ್ವಾಳದಲ್ಲಿ ಸುದ್ದಿ ಆಗಲು ಒಂದು ಸಂತೆ ಸಾಕು.

ಸೋಣಕ್ಕೆ ಬಲ್ಲಾಳರು ಗಾಡಿಯ ಒಟ್ಟಿಗೆ ತಾವೇ ಬಂದರು. ಮೂರು ಕಂಬ ಏರಿಸಿ ಆಯಿತು. ನಿಂತಿರುವ ನಾಲ್ಕನೆಯದರ ಕಡೆ ನೋಡಿದರು. ಅದಕ್ಕೆ ಒರಲೆ ಹಿಡಿದಿದೆ ಎನ್ನಬಹುದಿತ್ತು, ಆದರೆ ಅವರು ಮರಕ್ಕೆ ಕಿವಿ ಇಟ್ಟು ಕೇಳುವ ಜನ. ನಡೆದದ್ದು ನಡೆದ ಹಾಗೆ ಹೇಳಿದೆ. ಕೊನೆಗೆ, "ಮಾತು ಕೊಟ್ಟವನು ನಾನು. ನೀವು ಬೇಕೇ ಅಂದರೆ ಈಗಲೇ ಏರಿಸ್ತೇನೆ" ಎಂದೆ.

ಬಲ್ಲಾಳರು ಕೂತರು. "ನಮ್ಮಲ್ಲಿ ಈ ಕ್ರಮ ಇಲ್ಲ ಸೇಸಪ್ಪ. ಜೀವ ಹೊರಟಿತು ಅಂದರೆ ಇನ್ನೊಂದು ಕಡೆ ಹುಟ್ಟಿ ಆಯಿತು. ಎಲೆ ಹಾಕಿ ಕರೆದರೆ ಬರುವವರು ಯಾರು? ಹಿರಿಯರಿಗೆ ನಾನು ಮಾಡುವುದು ಒಂದೇ. ಅವರು ಕಟ್ಟಿಸಿದ್ದು ನನ್ನ ಕಾಲದಲ್ಲಿ ಬೀಳಬಾರದು."

"ಹಾಗಾದರೆ ಕಂಬ..."

"ಹಾಗಾದರೆ ಏನು? ನನಗೆ ನಂಬಿಕೆ ಇಲ್ಲ ಅಂತ ನಿಮ್ಮ ತಾಯಿಯನ್ನು ಎಬ್ಬಿಸಿ ಕೊಂಡುಹೋಗುವುದಾ?"

ನನಗೆ ಉಸಿರು ಬಂತು. ಬಂದ ಉಸಿರನ್ನು ಅವರು ಅರ್ಧಕ್ಕೆ ನಿಲ್ಲಿಸಿದರು. "ಆದರೆ ನಾಲ್ಕು ಅಂದಿದ್ದೀರಿ. ಮೂರು ಕಾಲಿನ ಮೇಲೆ ಚಾವಡಿ ನಿಲ್ಲುವುದಿಲ್ಲ. ಅದೇ ಅಳತೆಯ ಹಲಸಿನ ಮರ ತಂದು, ನಮ್ಮ ಊರಿನ ಆಚಾರಿಯಿಂದ ಮಾಡಿಸಿ ನಿಲ್ಲಿಸಿಕೊಡಿ. ಬೆಲೆ ಮೊದಲು ಹೇಳಿದ್ದೇ."

"ಕೆತ್ತನೆಗೆ ಬಹಳ ಬೀಳ್ತದೆ. ಅರ್ಧ ನೀವು..."

"ಸೇಸಪ್ಪ, ಸಾಮಾನಿಗೆ ಚೌಕಾಸಿ ಮಾಡಿ, ಬೇಡ ಅನ್ನುವುದಿಲ್ಲ. ಮಾತಿಗೂ ಚೌಕಾಸಿ ಉಂಟಾ?"

ಅಲ್ಲಿಗೆ ನಾನು ಸೋತೆ. ಮರ ಸಿಕ್ಕಿದ್ದು ಮಿಜಾರಿನಲ್ಲಿ. ಆಚಾರಿ ಹಳೇ ಕಂಬಗಳ ಹಾಗೆಯೇ ಹೂಬಳ್ಳಿ ಕೆತ್ತಲು ಹೊರಟಾಗ ಬಲ್ಲಾಳರೇ ತಡೆದರು. ಹಳತರ ವೇಷ ಹಾಕಿಸಬೇಡಿ, ಚೌಕಕ್ಕೆ ಕೊಯ್ದು ನಯ ಮಾಡಿ ಬಿಡಿ, ಇದು ನಮ್ಮ ಕಾಲದವರು ನಿಲ್ಲಿಸಿದ್ದು ಎಂದು ಮುಂದಿನವರಿಗೆ ಗೊತ್ತಾಗಲಿ ಎಂದರು. ಹಾಗಾಗಿ ಕೆತ್ತನೆಯ ಖರ್ಚು ನನಗೆ ಉಳಿಯಿತು. ಬೇಕೆಂದೇ ಉಳಿಸಿಕೊಟ್ಟರೋ ಏನೋ, ಕೇಳಲಿಲ್ಲ. ಆದರೂ ಮರ, ಸಾಗಾಟ, ಆಚಾರಿಯ ಕೂಲಿ ಎಂದು ಮೊದಲು ಹೇಳಿದ ಮೂರು ಪಾಲು ಬಿತ್ತು. ಆ ವರ್ಷದ ಲಾಭ ಅಲ್ಲಿಗೆ ಮುಗಿಯಿತು.

ಮುಂದಿನ ವರ್ಷ ಮೂಡಬಿದಿರೆಯಿಂದ ಒಬ್ಬರ ಹಿಂದೆ ಒಬ್ಬರು ಬರತೊಡಗಿದರು. "ಬಲ್ಲಾಳರು ಹೇಳಿದರು" ಎನ್ನುವುದೇ ಚೀಟಿ. ನನ್ನ ಮನೆ, ಮಕ್ಕಳ ಓದು ಎಲ್ಲ ಬಂದದ್ದು ಆ ದಾರಿಯಲ್ಲಿ. ಮನೆ ಕಟ್ಟುವಾಗ ಮೊದಲು ನಿಲ್ಲಿಸಿದ್ದು ಈ ಕಂಬ. ಮಾಡು ಎಷ್ಟು ಎತ್ತರ ಎಂದು ಆಚಾರಿ ಕೇಳಿದ್ದಕ್ಕೆ ಕಂಬ ತೋರಿಸಿದೆ. ಚೆನ್ನಕ್ಕೆ ನನ್ನ ಮದುವೆಗೆ ಬಂದು ನನ್ನ ಹೆಂಡತಿಯನ್ನು ಬದಿಗೆ ಕರೆದು ಏನೋ ಹೇಳಿಕೊಟ್ಟರು. ಹಲಸಿನ ಬೀಜವನ್ನು ಬತ್ತದ ಒಟ್ಟಿಗೆ ಬೇಯಿಸುವುದು ಅವಳಿಗೆ ಹೇಗೆ ಗೊತ್ತಾಯಿತು ಎಂದು ನಾನು ಆಮೇಲೆ ಆಶ್ಚರ್ಯಪಟ್ಟಿದ್ದೇನೆ. ಇರುವಷ್ಟು ವರ್ಷವೂ ಆಟಿಯಲ್ಲಿ ಬಸ್ಸಿನವರ ಕೈಯಲ್ಲಿ ಒಂದು ಕಟ್ಟು ಪತ್ರೊಡೆ ಕಳುಹಿಸಿದರು. ಈಗ ಅವರಿಗೂ ಇಲ್ಲಿ ಒಂದು ಎಲೆ ಉಂಟು, ಪತ್ರೊಡೆ ಎರಡು. ಬಡಿಸುವ ಮೊದಲು ಅದ್ರಾಮಾಕನ ಮನೆಗೆ ಒಂದು ಪಾತ್ರೆ ತೆಗೆದಿಡುವುದು ತಪ್ಪಿಲ್ಲ. ಅವರ ಮಗ ಬಂದು ಕೊಂಡುಹೋಗುತ್ತಾನೆ. ಹೋಗುವಾಗ, "ಉಪ್ಪನ ಹೆಸರಲ್ಲಿ ದುಆ ಮಾಡುವಾಗ ನಿಮ್ಮ ತಾಯಿಯನ್ನೂ ನೆನಪು ಮಾಡ್ತೇನೆ" ಎನ್ನುತ್ತಾನೆ. ಬೇಡ ಎನ್ನಲು ನಾನು ಯಾರು?

ಇನ್ನು ನಿಮಗೆ ಹೇಳುವುದು. ಹಳೇ ಮನೆ ಬಿಚ್ಚಿಸುವುದಾದರೆ ಕಂಬ ಕೀಳುವ ಮೊದಲು ಸುಣ್ಣದಲ್ಲಿ ಗುರುತು ಹಾಕಿ, ಯಾವ ದಿಕ್ಕು, ಬುಡ ಯಾವುದು, ತಲೆ ಯಾವುದು. ಎಲ್ಲರ ಮೂಗೂ ಚೆನ್ನಕ್ಕೆಯ ಮೂಗಲ್ಲ. ಬೆಲೆ ಮಾತಾಡಿದ್ದು ಯಾರ ಒಟ್ಟಿಗೇ ಇರಲಿ, ಗಾಡಿಗೆ ಏರಿಸುವ ಮೊದಲು ಆ ಮನೆಯ ಅತಿ ಹಿರಿಯ ಹೆಂಗಸಿನ ಹತ್ತಿರ ಕೂತು ಒಂದು ವೀಳ್ಯ ಹಾಕಿ, ಏನಾದರೂ ಬಾಕಿ ಉಂಟಾ ಎಂದು ಕೇಳಿ. ಪಾಲು ಮಾಡುವವರು ಹಂಡೆ, ರಾಟೆ ಬರೆಯುವ ಮೊದಲು ಆಟಿಯಲ್ಲಿ ಎಲೆ ಹಾಕುವವರು ಯಾರು ಎಂದು ತೀರ್ಮಾನ ಮಾಡಿಕೊಳ್ಳಿ. ಮಿಕ್ಕದ್ದಕ್ಕೆ ಜಗಳ ಮಾಡಿದರೂ ನಡೆಯುತ್ತದೆ. ನಿಮ್ಮಲ್ಲಿ ಎಲೆ ಹಾಕುವ ಕ್ರಮ ಇಲ್ಲದಿದ್ದರೆ ನಿಮ್ಮ ಕ್ರಮ ಯಾವುದೋ ಅದನ್ನು ಮಾಡಿ, ಆದರೆ ಬಾಯಿ ಬಿಟ್ಟು ಒಂದು ಮಾತು ಆಡಿ. ಮಾಸ್ತರಿಗೆ ಬಂದಷ್ಟು ಬಂದರೆ ಸಾಕು.

ಮತ್ತೆ, ಬಾಳೆಯ ಬುಡಕ್ಕೆ ಕತ್ತಿ ಹಿಡಿದು ಹೋದಾಗ ಎಲೆ ಒಂದು ಹೆಚ್ಚೇ ಕೊಯ್ದು ತನ್ನಿ. ತನಗೆ ಯಾರೂ ಇಲ್ಲ ಎಂದುಕೊಂಡವನು ಒಬ್ಬ ಅಲ್ಲೇ ಬದಿಯಲ್ಲಿ ನಿಂತಿರುತ್ತಾನೆ. ಹೆಸರು ಗೊತ್ತಿಲ್ಲ ಎಂದು ಹೇಳುತ್ತಾನೆ. ಅದನ್ನು ಬಿಡಿ, ತಾಯಿಗೆ ಏನು ಇಷ್ಟ ಎಂದು ಕೇಳಿ.